ಪತಿ ಎಂಬ ಒಂದೇ ಪರಿಚಯ ಸಾಲದು: ಸಿನಿಮಾ ಚರಿತ್ರೆ ಬರೆಯುವವರಿಗೆ ಒಂದು ಬಹಿರಂಗ ಪತ್ರ

ಸಿನಿಮಾ ಚರಿತ್ರೆ ಬರೆಯುವವರಿಗೆ, ಅದನ್ನು ತರಗತಿಯಲ್ಲಿ ಪಾಠ ಮಾಡುವವರಿಗೆ, ಚಿತ್ರೋತ್ಸವದ ಪುಸ್ತಿಕೆಗೆ ನಾಲ್ಕು ಸಾಲಿನ ಪರಿಚಯ ಬರೆದುಕೊಡುವವರಿಗೆ,



1966ರ ಏಪ್ರಿಲ್ 18ರಂದು ಕ್ಯಾಲಿಫೋರ್ನಿಯಾದ ಸಾಂಟಾ ಮೋನಿಕಾದಲ್ಲಿ ಆಸ್ಕರ್ ಸಮಾರಂಭ ನಡೆಯಿತು. ವಿದೇಶಿ ಭಾಷಾ ಚಿತ್ರದ ಪ್ರಶಸ್ತಿ ಮೊದಲ ಬಾರಿಗೆ ಚೆಕೊಸ್ಲೊವಾಕಿಯಾಕ್ಕೆ ಬಂತು. ಚಿತ್ರ 'ದಿ ಶಾಪ್ ಆನ್ ಮೇನ್ ಸ್ಟ್ರೀಟ್', ನಿರ್ದೇಶಕರು ಯಾನ್ ಕಾದಾರ್ ಮತ್ತು ಎಲ್ಮಾರ್ ಕ್ಲೋಸ್. ಅದೇ ದಿನ ಕಿರು ಸಾಕ್ಷ್ಯಚಿತ್ರದ ಪ್ರಶಸ್ತಿ 'ಟು ಬಿ ಅಲೈವ್!' ಎಂಬ ಅಮೆರಿಕನ್ ಚಿತ್ರಕ್ಕೆ ಹೋಯಿತು. ಪ್ರಶಸ್ತಿಯ ದಾಖಲೆಯಲ್ಲಿರುವುದು ಫ್ರಾನ್ಸಿಸ್ ಥಾಂಪ್ಸನ್ ಸಂಸ್ಥೆಯ ಹೆಸರು. ಆದರೆ ಥಾಂಪ್ಸನ್ ಜೊತೆ ಹೆಗಲಿಗೆ ಹೆಗಲು ಕೊಟ್ಟು ಆ ಚಿತ್ರ ಮಾಡಿದವರು ಅಲೆಕ್ಸಾಂಡರ್ ಹ್ಯಾಮಿಡ್. ಈ ಹ್ಯಾಮಿಡ್ ಮತ್ತು ಆ ಕ್ಲೋಸ್ ಸುಮಾರು 30 ವರ್ಷ ಹಿಂದೆ ಚೆಕ್ ನಾಡಿನ ಒಂದೇ ಊರಿನಲ್ಲಿ, ಒಂದೇ ಕಂಪನಿಯ ಸಂಬಳಕ್ಕೆ, ಒಟ್ಟಿಗೆ ಟೈರಿನ ಜಾಹೀರಾತು ಚಿತ್ರ ಮಾಡಿದವರು. ಯುದ್ಧ ಒಬ್ಬರನ್ನು ನ್ಯೂಯಾರ್ಕಿಗೆ ಒಯ್ದಿತು, ಇನ್ನೊಬ್ಬರನ್ನು ಚೆಕ್ ನಾಡಿನಲ್ಲೇ ಬಿಟ್ಟಿತು. ಮಧ್ಯೆ ಕಬ್ಬಿಣದ ಪರದೆ ಇಳಿಯಿತು. ಅಷ್ಟೆಲ್ಲ ಆದ ಮೇಲೆ ಇಬ್ಬರ ಕೆಲಸಕ್ಕೂ ಒಂದೇ ವೇದಿಕೆಯಲ್ಲಿ, ಒಂದೇ ರಾತ್ರಿ, ಎರಡು ದೇಶಗಳ ಲೆಕ್ಕದಲ್ಲಿ ಮನ್ನಣೆ ಸಿಕ್ಕಿತು.

ಇಂಥದೊಂದು ಸಂಗತಿ ಸಿಕ್ಕರೆ ಚರಿತ್ರೆ ಬರೆಯುವವರು ಬಿಡಬಾರದು. ಆದರೂ ನಿಮ್ಮಲ್ಲಿ ಹೆಚ್ಚಿನವರ ಬರಹದಲ್ಲಿ ಕ್ಲೋಸ್ ಒಂದು ಅಧ್ಯಾಯದಲ್ಲಿ ಸಿಗುತ್ತಾರೆ, ಹ್ಯಾಮಿಡ್ ಬೇರೊಂದು ಅಧ್ಯಾಯದಲ್ಲಿ, ಅದೂ 'ಮಾಯಾ ಡೆರೆನ್ ಅವರ ಪತಿ' ಎಂಬ ವಿಶೇಷಣದ ಜೊತೆ. ಪ್ರಯೋಗಶೀಲ ಚಿತ್ರಗಳ ನಿರ್ದೇಶಕಿ ಮಾಯಾ ಜೊತೆಗಿನ ಆ ದಾಂಪತ್ಯ ನಡೆದದ್ದು ಐದು ವರ್ಷ. ಆ ಮನುಷ್ಯ ಬದುಕಿದ್ದು 96 ವರ್ಷ, ಅದರಲ್ಲಿ ಸುಮಾರು ಅರ್ಧ ಶತಮಾನ ಸಿನಿಮಾದ ಕೆಲಸದಲ್ಲೇ ಕಳೆಯಿತು. ಈ ಲೆಕ್ಕ ಸರಿಯಲ್ಲ ಎಂದು ಹೇಳಲು ಈ ಪತ್ರ.

ಹ್ಯಾಮಿಡ್ ಹುಟ್ಟಿದ್ದು 1907ರಲ್ಲಿ, ಆಗ ಆಸ್ಟ್ರಿಯಾ-ಹಂಗರಿ ಸಾಮ್ರಾಜ್ಯದಲ್ಲಿದ್ದ ಲಿಂಟ್ಸ್ ಪಟ್ಟಣದಲ್ಲಿ. ಬೆಳೆದದ್ದು ಪ್ರಾಗಿನಲ್ಲಿ. ಆಗಿನ ಹೆಸರು ಅಲೆಕ್ಸಾಂಡರ್ ಹಾಕೆನ್‌ಷ್ಮೀಡ್. ಇಪ್ಪತ್ತೆರಡು ಇಪ್ಪತ್ತಮೂರರ ವಯಸ್ಸಿಗೇ ಫೋಟೋ ತೆಗೆಯುತ್ತಿದ್ದರು, ಪತ್ರಿಕೆಗೆ ಸಿನಿಮಾ ಕುರಿತು ಬರೆಯುತ್ತಿದ್ದರು, ಇತರರ ಕೆಲಸವನ್ನು ಜನರಿಗೆ ತೋರಿಸಲು ಓಡಾಡುತ್ತಿದ್ದರು. 1930ರಲ್ಲಿ ಪ್ರಾಗಿನಲ್ಲಿ ಹೊಸ ಚೆಕ್ ಛಾಯಾಚಿತ್ರಗಳ ಪ್ರದರ್ಶನ ಏರ್ಪಡಿಸಿದರು. ಅದೇ ವರ್ಷ ನವೆಂಬರಿನಲ್ಲಿ ಕೋಟ್ವಾ ಚಿತ್ರಮಂದಿರದಲ್ಲಿ ಪ್ರಯೋಗಶೀಲ ಚಿತ್ರಗಳ ಸಪ್ತಾಹ ನಡೆಸಿದರು. ಯೂರೋಪಿನ ಹೊಸ ಸಿನಿಮಾವನ್ನು ಪ್ರಾಗಿನ ಜನರ ಮುಂದಿಟ್ಟ ಆ ಸಪ್ತಾಹದಲ್ಲಿ ಅವರದೇ ಒಂದು ಕಿರುಚಿತ್ರವೂ ಇತ್ತು. ಚೆಕ್ ಪ್ರಯೋಗಶೀಲ ಸಿನಿಮಾದ ಮೊದಲ ಹೆಜ್ಜೆ ಎಂದು ಈಗ ಎಲ್ಲರೂ ಒಪ್ಪುವ ಚಿತ್ರ ಅದು. ಹೆಸರು 'ಬೆಜೂಚೆಲ್ನಾ ಪ್ರೊಹಾಸ್ಕಾ', ಅಂದರೆ ಗುರಿಯಿಲ್ಲದ ನಡಿಗೆ.

ಎಂಟು ನಿಮಿಷದ ಮೂಕಿ ಚಿತ್ರ. ಒಬ್ಬ ತರುಣ ಊರ ನಡುವೆ ಟ್ರಾಮ್ ಹತ್ತುತ್ತಾನೆ. ಟ್ರಾಮ್ ಓಡುತ್ತದೆ, ಬೀದಿಗಳು ಜಾರುತ್ತವೆ, ಕಂಬಿ, ಗಾಜು, ಗಾಜಿನ ಮೇಲಿನ ನೆರಳು. ಕಟ್ಟಡಗಳು ಕರಗಿ ಊರಾಚೆಯ ಕಾರ್ಖಾನೆ, ನದಿ, ಹುಲ್ಲು ಕಾಣುತ್ತವೆ. ತರುಣ ಇಳಿದು ನಡೆಯುತ್ತಾನೆ, ಹುಲ್ಲಿನ ಮೇಲೆ ಮೈಚಾಚುತ್ತಾನೆ, ಸಿಗರೇಟು ಸೇದುತ್ತಾನೆ. ಕಥೆ ಇಷ್ಟೇ. ಕೊನೆಗೆ ಅವನು ಎದ್ದು ಹೊರಡುತ್ತಾನೆ, ಹಿಂತಿರುಗಿ ನೋಡುತ್ತಾನೆ. ಅವನೇ ಅಲ್ಲಿ ಹುಲ್ಲಿನ ಮೇಲೆ ಇನ್ನೂ ಇದ್ದಾನೆ! ಒಬ್ಬ ಊರಿಗೆ ಮರಳುತ್ತಾನೆ, ಇನ್ನೊಬ್ಬ ಉಳಿಯುತ್ತಾನೆ. ಸಂಗೀತವಿಲ್ಲ, ವಿವರಣೆಯ ಪಟ್ಟಿಯಿಲ್ಲ, ಬೆಚ್ಚಿಬೀಳಿಸುವ ಆಸೆಯೂ ಇಲ್ಲ. ಕೆಲಸಕ್ಕೆ ಹೋಗುವ ಮೈ ಒಂದು, ಸುಮ್ಮನೆ ನೋಡುತ್ತ ಕೂರಲು ಬಯಸುವ ಮನಸ್ಸು ಒಂದು, ಎರಡನ್ನೂ ಹಾಕೆನ್‌ಷ್ಮೀಡ್ ಕ್ಯಾಮೆರಾದಲ್ಲೇ ಬೇರೆ ಮಾಡಿ ತೋರಿಸಿದರು. 23 ತುಂಬದ ಹುಡುಗನ ಕೈಕೆಲಸ ಇದು. ಈ ಚಿತ್ರವನ್ನು ದಯವಿಟ್ಟು ನೆನಪಿನಲ್ಲಿಡಿ, ಮುಂದೆ ಬೇಕಾಗುತ್ತದೆ.

ಅಲ್ಲಿಂದ ಮುಂದಿನ ಕೆಲಸಗಳನ್ನು ನೋಡಿ. ಪ್ರಾಗಿನ ಕೋಟೆಯ ಶಿಲ್ಪವನ್ನು ಸಂಗೀತದ ಲಯಕ್ಕೆ ಹೊಂದಿಸಿದ ಒಂದು ಕಿರುಚಿತ್ರ ಮಾಡಿದರು. ಗುಸ್ತಾವ್ ಮಖಾತಿಯ 'ಶನಿವಾರದಿಂದ ಭಾನುವಾರಕ್ಕೆ' ಚಿತ್ರಕ್ಕೆ ಕಲಾ ಸಲಹೆಗಾರರಾಗಿ ದುಡಿದರು. 1933ರ 'ಜೆಮ್ ಸ್ಪಿಯೆವಾ', ಅಂದರೆ 'ಭೂಮಿ ಹಾಡುತ್ತದೆ', ಸ್ಲೊವಾಕಿಯಾದ ಹಳ್ಳಿಗಳ ಹಾಡು, ಕುಣಿತ, ಆಟ, ಸುಗ್ಗಿಗಳ ಚಿತ್ರ. ಅದನ್ನು ಊರೂರು ಅಲೆದು ಚಿತ್ರೀಕರಿಸಿದವರು ಜಾನಪದ ಸಂಗ್ರಾಹಕ ಕಾರೆಲ್ ಪ್ಲಿಟ್ಸ್ಕಾ. ಅದನ್ನು ಸಂಕಲಿಸಿ ಒಂದು ಲಯಕ್ಕೆ ತಂದವರು ಹಾಕೆನ್‌ಷ್ಮೀಡ್. 1934ರ ವೆನಿಸ್ ಉತ್ಸವದಲ್ಲಿ ಮೆಚ್ಚುಗೆ ಪಡೆದ ಚೆಕೊಸ್ಲೊವಾಕ್ ಚಿತ್ರಗಳಲ್ಲಿ ಅದೂ ಒಂದು. ಪ್ಲಿಟ್ಸ್ಕಾ ಇಲ್ಲದೆ ಆ ಚಿತ್ರ ಇಲ್ಲ, ಒಪ್ಪುತ್ತೇನೆ. ಆದರೆ ಸಂಗ್ರಹಕ್ಕೂ ಸಿನಿಮಾಕ್ಕೂ ನಡುವಿನ ಅಂತರ ದಾಟಿಸಿದವರ ಹೆಸರು ಎರಡನೇ ಪ್ಯಾರಾದಲ್ಲಾದರೂ ಬರಬೇಡವೇ?

ಆಮೇಲೆ ಬಾಟಾ. ಶಾಲೆ ಶುರುವಾಗುವ ಹೊತ್ತಿಗೆ ಅಪ್ಪ ಅಮ್ಮನ ಕೈಹಿಡಿದು ಬಾಟಾ ಅಂಗಡಿಗೆ ಹೋಗಿ ಕಪ್ಪು ಶೂ ಕೊಂಡ ನಮಗೆ ಅದು ನಮ್ಮದೇ ದೇಶದ ಕಂಪನಿ. ಅದರ ಬೇರು ಇರುವುದು ಮೊರಾವಿಯಾದ ಜ್ಲೀನ್ ಪಟ್ಟಣದಲ್ಲಿ. 1894ರಲ್ಲಿ ಅಲ್ಲಿ ಶುರುವಾದ ಚಪ್ಪಲಿ ಕಾರ್ಖಾನೆ ಮುಂದೆ ಊರನ್ನೇ ಕಟ್ಟಿತು, ಕೋಲ್ಕತ್ತದ ಬಳಿ ಬಾಟಾನಗರವನ್ನೂ ಕಟ್ಟಿತು. 30ರ ದಶಕದಲ್ಲಿ ಜ್ಲೀನಿನ ಕುಡ್ಲೋವ್ ಗುಡ್ಡದ ಮೇಲೆ ತನ್ನದೇ ಚಿತ್ರ ಸ್ಟುಡಿಯೊ ತೆರೆಯಿತು. ಜಾಹೀರಾತು ಚಿತ್ರ ಮಾಡಲು ಅಲ್ಲಿ ಸೇರಿದ ಹುಡುಗರ ಗುಂಪಿನಲ್ಲಿ ಎಲ್ಮಾರ್ ಕ್ಲೋಸ್, ಛಾಯಾಗ್ರಾಹಕ ಯಾನ್ ಲುಕಾಸ್, ನಮ್ಮ ಹಾಕೆನ್‌ಷ್ಮೀಡ್ ಇದ್ದರು. ಇದೇ ಮೂವರು ಸೇರಿ 1937ರಲ್ಲಿ 'ಸಿಲ್ನಿಟ್ಸೆ ಸ್ಪೀವಾ', ಅಂದರೆ 'ರಸ್ತೆ ಹಾಡುತ್ತದೆ' ಮಾಡಿದರು. ಬಾಟಾ ಟೈರಿನ ಜಾಹೀರಾತು. ಆ ವರ್ಷದ ಪ್ಯಾರಿಸ್ ವಿಶ್ವ ಪ್ರದರ್ಶನದಲ್ಲಿ ಅದಕ್ಕೆ ಬಹುಮಾನ ಬಂತು. ಕಂಪನಿಯ ಕೆಲಸದ ಮೇಲೆಯೇ ಹಾಕೆನ್‌ಷ್ಮೀಡ್ ಭಾರತಕ್ಕೂ ಸಿಂಹಳಕ್ಕೂ ಬಂದು ಚಿತ್ರೀಕರಿಸಿದರು. 'ಬದುಕು ಸಾವಿನ ನದಿ' ಎಂಬ ಅರ್ಥದ ಹೆಸರಿನ ಕಿರುಚಿತ್ರ ಆ ಪ್ರವಾಸದ ಫಲ. ನಮ್ಮ ನೆಲದ ಮೇಲೆ ಓಡಾಡಿಹೋದ ಯೂರೋಪಿನ ಚಿತ್ರ ನಿರ್ದೇಶಕರ ಪಟ್ಟಿ ಮಾಡುವಾಗ ರೆನ್ವಾರ್, ರೊಸೆಲ್ಲಿನಿ ಎನ್ನುತ್ತೇವೆ. ಅವರಿಬ್ಬರಿಗಿಂತ ಮೊದಲೇ ಬಂದ ಈ ಚೆಕ್ ಹುಡುಗನ ಹೆಸರು ಬಿಟ್ಟೇಹೋಗುತ್ತದೆ.

ಜಾಹೀರಾತು ಎಂದ ಕೂಡಲೇ ಮೂಗು ಮುರಿಯಬೇಡಿ. ಕುಡ್ಲೋವ್ ಸ್ಟುಡಿಯೊದಲ್ಲಿಯೇ ಮುಂದೆ ಹೆರ್ಮಿನಾ ತಿರ್ಲೊವಾ, ಕಾರೆಲ್ ಜೆಮಾನ್ ಕೂತು ಜಗತ್ತು ಮೆಚ್ಚಿದ ಬೊಂಬೆ ಚಿತ್ರಗಳನ್ನು ಮಾಡಿದರು. ಚೆಕ್ ಸಿನಿಮಾದ ಒಂದು ದೊಡ್ಡ ಗರಡಿಮನೆ ನಿಂತದ್ದು ಚಪ್ಪಲಿ ಮಾರಿದ ದುಡ್ಡಿನ ಮೇಲೆ.

1938ರಲ್ಲಿ ಅಮೆರಿಕದಿಂದ ಸಾಕ್ಷ್ಯಚಿತ್ರ ನಿರ್ದೇಶಕ ಹರ್ಬರ್ಟ್ ಕ್ಲೈನ್ ಬಂದರು. ಹಿಟ್ಲರನ ಕಣ್ಣು ಬಿದ್ದಿದ್ದ ಸುಡೆಟೆನ್ ಪ್ರದೇಶದಲ್ಲಿ ನಾಜಿ ಬೆಂಬಲಿಗರ ಮೆರವಣಿಗೆ, ಊರು ಬಿಟ್ಟು ಓಡಿಬಂದವರ ಶಿಬಿರ, ಸೈನ್ಯ ಸೇರಲು ಹೊರಟ ಚೆಕ್ ತರುಣರನ್ನು ಹಾಕೆನ್‌ಷ್ಮೀಡ್ ಜೊತೆ ಸೇರಿ ಚಿತ್ರೀಕರಿಸಿದರು. ಸೆಪ್ಟೆಂಬರ್ ಕೊನೆಗೆ ಮ್ಯೂನಿಕ್‌ನಲ್ಲಿ ಬ್ರಿಟನ್ನೂ ಫ್ರಾನ್ಸೂ ಆ ಪ್ರದೇಶವನ್ನು ಹಿಟ್ಲರನಿಗೆ ಬಿಟ್ಟುಕೊಟ್ಟವು. 'ಕ್ರೈಸಿಸ್' ಎಂಬ ಆ ಚಿತ್ರ 1939ರ ಮಾರ್ಚ್‌ನಲ್ಲಿ ನ್ಯೂಯಾರ್ಕಿನ ಪರದೆಗೆ ಬಂತು. ಅದೇ ಮಾರ್ಚ್ 15ರಂದು ಜರ್ಮನ್ ಪಡೆ ಪ್ರಾಗ್ ಹೊಕ್ಕಿತು. ಆ ವರ್ಷವೇ ಹಾಕೆನ್‌ಷ್ಮೀಡ್ ಅಮೆರಿಕ ಸೇರಿದರು. ಮುಂದೆ ಅಲ್ಲಿನ ನಾಲಿಗೆಗೆ ಸುಲಭವಾಗಲೆಂದು ಹ್ಯಾಮಿಡ್ ಆದರು. ಗ್ರಂಥಾಲಯದ ಸೂಚಿಯಲ್ಲಿ ಒಬ್ಬನೇ ಮನುಷ್ಯ ಎರಡು ಕಡೆ ಚದುರಿಹೋಗಲು ಇದೂ ಒಂದು ಕಾರಣ.

ಕ್ಲೈನ್ ಜೊತೆಗೇ ಮೆಕ್ಸಿಕೊಗೆ ಹೋಗಿ 1941ರಲ್ಲಿ 'ದಿ ಫರ್ಗಾಟನ್ ವಿಲೇಜ್' ಮಾಡಿದರು. ಚಿತ್ರಕಥೆ ಜಾನ್ ಸ್ಟೀನ್‌ಬೆಕ್ ಅವರದು. ಬೆಟ್ಟದ ಹಳ್ಳಿಯೊಂದರಲ್ಲಿ ಬಾವಿಯ ನೀರಿನಿಂದ ಮಕ್ಕಳು ಕಾಯಿಲೆ ಬೀಳುತ್ತವೆ, ಮಂತ್ರ ಹಾಕುವ ಅಜ್ಜಿಗೂ ಪಟ್ಟಣದಿಂದ ಬಂದ ವೈದ್ಯರಿಗೂ ನಡುವೆ ಹಳ್ಳಿ ಒಡೆಯುತ್ತದೆ. ಅದರಲ್ಲಿ ಒಂದು ಹೆರಿಗೆಯ ದೃಶ್ಯ ಇತ್ತು. ನ್ಯೂಯಾರ್ಕ್ ರಾಜ್ಯದ ಸೆನ್ಸಾರ್ ಅದನ್ನು ಅಸಭ್ಯ ಎಂದು ತಡೆಯಿತು, ಮೇಲ್ಮನವಿ ಹೋದ ಮೇಲೆ ಬಿಟ್ಟಿತು. ಮಕ್ಕಳ ಜೀವ ಉಳಿಸುವ ಮಾತಾಡಿದ ಚಿತ್ರಕ್ಕೆ ಮಗು ಹುಟ್ಟುವುದನ್ನು ತೋರಿಸಿದ ತಪ್ಪು ಹೊರಿಸಿದರು.

ಈಗ ನಿಮ್ಮೆಲ್ಲರಿಗೂ ಗೊತ್ತಿರುವ ಚಿತ್ರಕ್ಕೆ ಬರೋಣ. ಕ್ಯಾಥರೀನ್ ಡನಮ್ ಅವರ ನೃತ್ಯ ತಂಡದ ಜೊತೆ ಲಾಸ್ ಏಂಜಲೀಸಿಗೆ ಬಂದಿದ್ದ ಎಲಿನೋರಾ ಎಂಬ ಯುವತಿಯನ್ನು ಹ್ಯಾಮಿಡ್ 1942ರಲ್ಲಿ ಮದುವೆಯಾದರು. ಕೀವ್‌ನಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದ ಕವಯಿತ್ರಿ ಆಕೆ, ಅಲ್ಲಿಯವರೆಗೆ ಸಿನಿಮಾ ಮಾಡಿದವರಲ್ಲ. ಮಾಯಾ ಡೆರೆನ್ ಎಂಬ ಹೆಸರು ಬಂದದ್ದೂ ಆ ದಿನಗಳಲ್ಲೇ. 1943ರಲ್ಲಿ ಹಾಲಿವುಡ್ಡಿನ ತಮ್ಮ ಬಾಡಿಗೆ ಮನೆಯಲ್ಲಿ, ಸೆಕೆಂಡ್ ಹ್ಯಾಂಡ್ ಬೋಲೆಕ್ಸ್ ಕ್ಯಾಮೆರಾ ಇಟ್ಟುಕೊಂಡು, 16 ಎಂಎಂ ಫಿಲ್ಮಿನಲ್ಲಿ ಗಂಡ ಹೆಂಡತಿ 'ಮೆಶಸ್ ಆಫ್ ದಿ ಆಫ್ಟರ್‌ನೂನ್' ಮಾಡಿದರು. 14 ನಿಮಿಷ. ಸ್ಟುಡಿಯೊ ಇಲ್ಲ, ದೀಪದ ತಂಡ ಇಲ್ಲ, ಕೆಲವು ನೂರು ಡಾಲರ್ ಖರ್ಚು. ಕಿಟಕಿಯಿಂದ ಬೀಳುವ ಬಿಸಿಲು, ಮೆಟ್ಟಿಲು, ಬೀಗದ ಕೈ, ಬ್ರೆಡ್ ಕತ್ತರಿಸುವ ಚಾಕು, ಎತ್ತಿಟ್ಟ ಫೋನು, ಒಂದು ಹೂವು, ಮುಖದ ಜಾಗದಲ್ಲಿ ಕನ್ನಡಿ ಇರುವ ಕರಿ ಉಡುಪಿನ ಆಕೃತಿ.

ಆ ಮೆಟ್ಟಿಲಿನ ಶಾಟ್ ನೆನಪಿಸಿಕೊಳ್ಳಿ. ಮಾಯಾ ಹತ್ತುತ್ತಿದ್ದಾರೆ, ಕ್ಯಾಮೆರಾ ಒಂದು ಕಡೆ ವಾಲುತ್ತದೆ, ಆಕೆ ಅದಕ್ಕೆ ಎದುರಾಗಿ ವಾಲುತ್ತಾರೆ. ಇಡೀ ಮನೆ ಅಲೆಗೆ ಸಿಕ್ಕ ಹಡಗು ಆಗುತ್ತದೆ. ಇಲ್ಲಿ ಕ್ಯಾಮೆರಾ ಹಿಡಿದವರ ಮೈಯೂ ನಟಿಸಿದವರ ಮೈಯೂ ಒಂದೇ ತಾಳಕ್ಕೆ ಕುಣಿದಿವೆ, ಒಬ್ಬರು ತಪ್ಪಿದರೂ ಶಾಟ್ ಕೆಟ್ಟಂತೆ. ಊಟದ ಮೇಜಿನ ಸುತ್ತ ಮೂವರು ಮಾಯಾ ಒಟ್ಟಿಗೆ ಕೂತಿರುವ ದೃಶ್ಯದಲ್ಲೂ ಹಾಗೆಯೇ. ಚೌಕಟ್ಟಿನ ಒಂದು ಭಾಗ ಮುಚ್ಚಿ ಚಿತ್ರೀಕರಿಸಬೇಕು, ಫಿಲ್ಮನ್ನು ಕ್ಯಾಮೆರಾದೊಳಗೇ ಹಿಂದಕ್ಕೆ ಸುತ್ತಬೇಕು, ಇನ್ನೊಂದು ಭಾಗ ತೆರೆದು ಮತ್ತೆ ಚಿತ್ರೀಕರಿಸಬೇಕು. ಕೂದಲೆಳೆ ಸರಿದರೂ ಗೆರೆ ಕಾಣುತ್ತದೆ. ಹೊಸದಾಗಿ ಕ್ಯಾಮೆರಾ ಮುಟ್ಟಿದವರು ಮಾಡುವ ಕೆಲಸ ಅದಲ್ಲ.

ಮನೆಯೊಳಗೆ ನಿದ್ದೆ ಹೋದ ತನ್ನನ್ನೇ ಕಿಟಕಿಯಲ್ಲಿ ನಿಂತು ನೋಡುವ ಹೆಣ್ಣು. ಹುಲ್ಲಿನ ಮೇಲೆ ಉಳಿದ ತನ್ನನ್ನೇ ಹಿಂತಿರುಗಿ ನೋಡಿದ ಗಂಡು. ನಡುವೆ 13 ವರ್ಷ, ಒಂದು ಯುದ್ಧ, ಒಂದು ಸಾಗರ. 'ಗುರಿಯಿಲ್ಲದ ನಡಿಗೆ'ಯನ್ನು ನೋಡದೆ 'ಮೆಶಸ್' ಬಗ್ಗೆ ಬರೆದವರು ಈ ಸಂಬಂಧವನ್ನು ಹೇಗೆ ಕಂಡಾರು?

ಹಾಗೆಂದು ಆ ಚಿತ್ರವನ್ನು ಮಾಯಾ ಕೈಯಿಂದ ಕಿತ್ತು ಹ್ಯಾಮಿಡ್ ಕೈಗೆ ಕೊಡಿ ಎಂದು ನಾನು ಕೇಳುತ್ತಿಲ್ಲ. ಆ ಕೆಲಸವನ್ನು ಚಿತ್ರ ನಿರ್ದೇಶಕ ಸ್ಟ್ಯಾನ್ ಬ್ರ್ಯಾಕೇಜ್ ಮಾಡಲು ನೋಡಿದರು. ಅದು ಹೆಚ್ಚಾಗಿ ಹ್ಯಾಮಿಡ್ ಅವರ ಚಿತ್ರ ಎಂದು ವಾದಿಸಿದರು. ಇದನ್ನು ನಾನು ಒಪ್ಪುವುದಿಲ್ಲ. ಪ್ರಾಗಿನ ತರುಣ ತನ್ನನ್ನು ತಾನು ನೋಡಿದಾಗ ಅಲ್ಲಿ ನೆಮ್ಮದಿ ಇದೆ. ಹಾಲಿವುಡ್ಡಿನ ಮನೆಯಲ್ಲಿ ಅದೇ ನೋಟಕ್ಕೆ ಭಯ ಹತ್ತಿಕೊಂಡಿದೆ, ಮನೆ ಎಂಬುದೇ ಹೆಣ್ಣಿಗೆ ಬಲೆಯಾಗಿದೆ, ಗಂಡನ ಮುಖ ಹಾಸಿಗೆಯ ಪಕ್ಕದಲ್ಲಿ ಚೂರಾಗುತ್ತದೆ. ಆ ಭಯ ಮಾಯಾ ಅವರದು. ಚಾಕು ಹಿಡಿದವಳ ಕಾಲು ಒಂದೊಂದು ಹೆಜ್ಜೆಗೂ ಮರಳು, ಹುಲ್ಲು, ಕಲ್ಲುಹಾಸು, ಜಮಖಾನೆ ದಾಟಿ ಬರುವ ಆ ನಡಿಗೆಯೇ ಮುಂದೆ ಆಕೆಯ ಎಲ್ಲ ಚಿತ್ರಗಳ ಬೀಜ. ಮರುವರ್ಷದ 'ಅಟ್ ಲ್ಯಾಂಡ್' ನೋಡಿದರೆ ತಿಳಿಯುತ್ತದೆ. ಹೆಣ್ಣೊಬ್ಬಳು ದೊಡ್ಡ ಕೆಲಸ ಮಾಡಿದರೆ ಹಿಂದೆ ಗಂಡಸು ಇರಲೇಬೇಕು ಎಂಬ ಹಳೆಯ ಚಾಳಿಗೆ ಬ್ರ್ಯಾಕೇಜ್ ಮಾತು ನೀರೆರೆಯಿತು. ಅದನ್ನು ತಿದ್ದಲು ಹೊರಟವರು ಹ್ಯಾಮಿಡ್ ಹೆಸರನ್ನೇ ಸಣ್ಣ ಅಕ್ಷರಕ್ಕೆ ಇಳಿಸಿಬಿಟ್ಟರು. ಚಿತ್ರದ ಶೀರ್ಷಿಕೆ ಫಲಕದಲ್ಲಿ ಇಬ್ಬರ ಹೆಸರೂ ಇದೆ. 2022ರ 'ಸೈಟ್ ಆಂಡ್ ಸೌಂಡ್' ವಿಮರ್ಶಕರ ಮತದಾನದಲ್ಲಿ ಅದು ಜಗತ್ತಿನ ಶ್ರೇಷ್ಠ ಚಿತ್ರಗಳಲ್ಲಿ 16ನೆಯದಾಗಿ ಬಂದಾಗಲೂ ಇಬ್ಬರನ್ನೂ ನಿರ್ದೇಶಕರೆಂದೇ ಬರೆದರು. ಒಬ್ಬರಿಗೆ ಕೊಡಲು ಇನ್ನೊಬ್ಬರಿಂದ ಕಸಿಯಬೇಕಾಗಿಲ್ಲ.

ಮಾಯಾ ಜೊತೆಗಿದ್ದ ದಿನಗಳಲ್ಲೇ ಹ್ಯಾಮಿಡ್ ನ್ಯೂಯಾರ್ಕಿನ ತಮ್ಮ ಫ್ಲ್ಯಾಟಿನಲ್ಲಿದ್ದ ಬೆಕ್ಕಿನ ಸಂಸಾರವನ್ನು ಚಿತ್ರೀಕರಿಸಿದರು. 'ದಿ ಪ್ರೈವೇಟ್ ಲೈಫ್ ಆಫ್ ಎ ಕ್ಯಾಟ್'. ಮಾತಿಲ್ಲ, ಮನುಷ್ಯರಿಲ್ಲ. ಕ್ಯಾಮೆರಾ ಬೆಕ್ಕಿನ ಎತ್ತರಕ್ಕೆ ಇಳಿದು ಕೂತಿದೆ. ಬಸುರಿ ಬೆಕ್ಕು ಮೂಲೆ ಹುಡುಕುತ್ತದೆ, ಈಯುತ್ತದೆ, ಒಂದೊಂದೇ ಮರಿಯನ್ನು ನೆಕ್ಕುತ್ತದೆ. ಕಣ್ಣು ತೆರೆಯದ ಮರಿಗಳು ಮೊಲೆ ಹುಡುಕುತ್ತವೆ. ಮುದ್ದು ಮಾಡಿಸುವ ಒಂದು ಶಾಟ್ ಇಲ್ಲ. ಮೆಕ್ಸಿಕೊದ ಚಿತ್ರದಲ್ಲಿ ನ್ಯೂಯಾರ್ಕಿನ ಸೆನ್ಸಾರ್ ತಡೆದಿದ್ದ ಹೆರಿಗೆಯಂಥದನ್ನೇ ಇಲ್ಲಿ ಅದೇ ಗೌರವದಿಂದ, ಅದೇ ತಾಳ್ಮೆಯಿಂದ ನೋಡಿದ್ದಾರೆ. ಅವರ ಇಡೀ ಬದುಕಿನ ಕೆಲಸದಲ್ಲಿ ನನಗೆ ಹೆಚ್ಚು ಪ್ರಿಯವಾದದ್ದು ಯಾವುದು ಎಂದು ಯಾರಾದರೂ ಕೇಳಿದರೆ ಈ ಬೆಕ್ಕಿನ ಚಿತ್ರ ಎನ್ನುತ್ತೇನೆ.

ಯುದ್ಧದ ವರ್ಷಗಳಲ್ಲಿ ಅಮೆರಿಕ ಸರ್ಕಾರದ ಯುದ್ಧ ಮಾಹಿತಿ ಕಚೇರಿಗೆ ಸಾಲುಸಾಲು ಚಿತ್ರ ಮಾಡಿದರು. ಅದರಲ್ಲಿ ಒಂದನ್ನು ಇಲ್ಲಿ ಹೇಳಲೇಬೇಕು. ಮುಸೊಲಿನಿಗೆ ತಲೆಬಾಗದೆ ಇಟಲಿ ಬಿಟ್ಟಿದ್ದ ವಾದ್ಯವೃಂದ ನಿರ್ದೇಶಕ ಆರ್ಟುರೊ ಟೊಸ್ಕನಿನಿ ಎನ್‌ಬಿಸಿ ವಾದ್ಯವೃಂದದ ಮುಂದೆ ನಿಂತು ವೆರ್ದಿಯ 'ಹಿಮ್ ಆಫ್ ದಿ ನೇಷನ್ಸ್' ನುಡಿಸಿದ್ದರ ಚಿತ್ರವನ್ನು ಹ್ಯಾಮಿಡ್ ನಿರ್ದೇಶಿಸಿದರು. ಮಿತ್ರರಾಷ್ಟ್ರಗಳ ಗೌರವಕ್ಕೆಂದು ಟೊಸ್ಕನಿನಿ ಮೂಲ ಕೃತಿಗೆ ಅಮೆರಿಕದ ರಾಷ್ಟ್ರಗೀತೆಯನ್ನೂ, ಆಗ ಸೋವಿಯತ್ ಒಕ್ಕೂಟದ ಗೀತೆಯಾಗಿದ್ದ 'ಇಂಟರ್‌ನ್ಯಾಷನಲ್' ಅನ್ನೂ ಸೇರಿಸಿದ್ದರು. ಚಿತ್ರ ಆಸ್ಕರ್ ನಾಮನಿರ್ದೇಶನ ಪಡೆಯಿತು. ಯುದ್ಧ ಮುಗಿದು ಶೀತಲ ಸಮರ ಶುರುವಾದ ಮೇಲೆ ಅದೇ ಅಮೆರಿಕದಲ್ಲಿ ಆ 'ಇಂಟರ್‌ನ್ಯಾಷನಲ್' ಭಾಗವನ್ನು ಕತ್ತರಿಸಿ ತೆಗೆದರು. ಹಿಟ್ಲರನಿಂದ ತಪ್ಪಿಸಿಕೊಂಡು ಬಂದ ಸಂಕಲನಕಾರನ ಚಿತ್ರಕ್ಕೆ ಸ್ವತಂತ್ರ ದೇಶದಲ್ಲಿ ಕತ್ತರಿ ಬಿತ್ತು.

ಉಳಿದುದನ್ನು ಬೇಗ ಹೇಳಿಬಿಡುತ್ತೇನೆ. 1947ರಲ್ಲಿ ಮಾಯಾ ಜೊತೆಗಿನ ದಾಂಪತ್ಯ ಮುಗಿಯಿತು. ಮೆನೊಟ್ಟಿಯ ಅಪೆರಾ ಚಿತ್ರ 'ದಿ ಮೀಡಿಯಂ' ಅನ್ನು ಸಂಕಲಿಸಿದರು. 60ರ ದಶಕದ ಹೊಸ್ತಿಲಲ್ಲಿ ಮಾರ್ಥಾ ಗ್ರಹಾಂ ಅವರ ನೃತ್ಯರೂಪಕ 'ನೈಟ್ ಜರ್ನಿ'ಯನ್ನು ನಿರ್ದೇಶಿಸಿದರು. ಮಗನನ್ನೇ ಮದುವೆಯಾದೆ ಎಂದು ತಿಳಿದ ಯೊಕಾಸ್ಟಾಳ ಸಂಕಟವನ್ನು ಪರದೆಗೆ ತಂದ ಕಪ್ಪುಬಿಳುಪು ಚಿತ್ರ ಅದು, ನೃತ್ಯವನ್ನು ಹೇಗೆ ಚಿತ್ರೀಕರಿಸಬೇಕು ಎನ್ನುವವರಿಗೆ ಇವತ್ತಿಗೂ ಪಾಠ. 1964ರ ನ್ಯೂಯಾರ್ಕ್ ವಿಶ್ವಮೇಳದಲ್ಲಿ ಜಾನ್ಸನ್ ವ್ಯಾಕ್ಸ್ ಕಂಪನಿಯ ಮಂಟಪಕ್ಕೆ ಥಾಂಪ್ಸನ್ ಜೊತೆ ಸೇರಿ 'ಟು ಬಿ ಅಲೈವ್!' ಮಾಡಿದರು. ಮೂರು ಬೇರೆಬೇರೆ ಪರದೆ, ಕೆಲವೊಮ್ಮೆ ಮೂರರ ಮೇಲೂ ಒಂದೇ ದೃಶ್ಯ ಹರಡಿಕೊಂಡರೆ ಕೆಲವೊಮ್ಮೆ ಮೂರು ಖಂಡದ ಮೂರು ಮಕ್ಕಳು ಮೂರು ಕಡೆ. ಮೂರು ವರ್ಷದ ನಂತರ ಮಾಂಟ್ರಿಯಲ್ ಮೇಳದಲ್ಲಿ ಪರದೆ ಆರಾಯಿತು. ಮುಂದೆ ಐಮ್ಯಾಕ್ಸ್ ಬಂದಾಗ ಆ ದೈತ್ಯ ಪರದೆಯ ಆರಂಭದ ಕೆಲಸದಲ್ಲೂ ಇದೇ ತಂಡ ಇತ್ತು. 'ಟು ಬಿ ಅಲೈವ್!' ನಗು ಹೆಚ್ಚಾದ ಚಿತ್ರ, ನೆರಳು ಸಾಲದು ಎಂದು ನನಗನ್ನಿಸುತ್ತದೆ. ಆದರೆ ಮೂರು ಚಿತ್ರಗಳನ್ನು ಏಕಕಾಲಕ್ಕೆ ನೋಡುವ ಕಣ್ಣಿಗೆ ದಣಿವಾಗದಂತೆ ಕತ್ತರಿಸಲು ಎಂಥ ಕೈ ಬೇಕು ಎಂಬುದು ಸಂಕಲನದ ಟೇಬಲಿನ ಮುಂದೆ ಕೂತವರಿಗೆ ಗೊತ್ತು.

ಇಷ್ಟು ಕೇಳಿದ ಮೇಲೆ ನಿಮ್ಮಲ್ಲಿ ಕೆಲವರು ಹೇಳುವ ಮಾತು ನನಗೆ ಗೊತ್ತು. ಇದು ಚದುರಿದ ಬದುಕು, ಟೈರು, ಟೊಸ್ಕನಿನಿ, ಬೆಕ್ಕು, ಮೇಣದ ಕಂಪನಿ, ಇದರಲ್ಲಿ ಒಬ್ಬ ಕಲಾವಿದನ ಸ್ವಂತ ಮುದ್ರೆ ಎಲ್ಲಿದೆ ಎನ್ನುತ್ತೀರಿ. ಮುದ್ರೆ ಇದೆ. ಟ್ರಾಮಿನ ಕಿಟಕಿಯಿಂದ ಹೊರಗೆ ನೋಡಿದ ಕಣ್ಣೇ ಬೆಕ್ಕಿನ ಮಗ್ಗುಲಲ್ಲೂ ಕೂತಿತ್ತು, ಟೊಸ್ಕನಿನಿಯ ಕೈಬೆರಳನ್ನೂ ನೋಡಿತು. ಎದುರಿಗಿರುವುದನ್ನು ಅವಸರ ಮಾಡದೆ ನೋಡುವುದು, ತನ್ನನ್ನು ಮುಂದೆ ತಳ್ಳಿಕೊಳ್ಳದಿರುವುದು, ಚಲನೆಯ ಒಳಗಿನ ಲಯ ಸಿಕ್ಕಿದ ಕೂಡಲೇ ಕತ್ತರಿಸುವುದು. ಇವು ಛಾಯಾಗ್ರಾಹಕನ, ಸಂಕಲನಕಾರನ ಗುಣಗಳು. ನಿರ್ದೇಶಕನೊಬ್ಬನೇ ಕರ್ತೃ ಎಂದು ನಂಬಿ ಬರೆಯುವ ನಿಮ್ಮ ಪುಸ್ತಕದಲ್ಲಿ ಇವಕ್ಕೆ ಜಾಗವಿಲ್ಲದಿದ್ದರೆ ಕೊರತೆ ಪುಸ್ತಕದ್ದು. ಯಾರ ಆದೇಶವೂ ಇಲ್ಲದೆ, ತನ್ನ ಇಷ್ಟಕ್ಕೆ ಮಾಡಿದ ಕೆಲವೇ ಚಿತ್ರಗಳ ನಡುವೆ ಹೊಟ್ಟೆಪಾಡಿನ ದೊಡ್ಡ ರಾಶಿ ಇದೆ, ನಿಜ. ಹೊಟ್ಟೆಪಾಡಿನ ಕೆಲಸವನ್ನೂ ಹೀಗೆ ಮಾಡಿದವರು ಎಷ್ಟು ಜನ ಸಿಕ್ಕಾರು?

ಎಲ್ಮಾರ್ ಕ್ಲೋಸ್ ಏನಾದರು ಎಂದೂ ಹೇಳಬೇಕು. 1968ರಲ್ಲಿ ಸೋವಿಯತ್ ಟ್ಯಾಂಕುಗಳು ಪ್ರಾಗಿಗೆ ಬಂದ ಮೇಲೆ ಕಾದಾರ್ ಅಮೆರಿಕಕ್ಕೆ ಹೊರಟರು. ಕ್ಲೋಸ್ ಉಳಿದರು, ಉಳಿದದ್ದಕ್ಕೆ ಸುಮಾರು ಎರಡು ದಶಕ ಚಿತ್ರ ಮಾಡುವ ಅವಕಾಶ ಕಳೆದುಕೊಂಡರು. ದೇಶ ಬಿಟ್ಟ ಗೆಳೆಯನ ಹೆಸರು ಅಡಿಟಿಪ್ಪಣಿಗೆ ಹೋಯಿತು, ದೇಶದಲ್ಲೇ ಉಳಿದ ಗೆಳೆಯನ ಕೈ ಕಟ್ಟಿಹಾಕಿದರು. ಇವರಿಬ್ಬರ ಕಥೆಯನ್ನು ಒಂದೇ ಅಧ್ಯಾಯದಲ್ಲಿ ಬರೆದರೆ ಇಪ್ಪತ್ತನೆಯ ಶತಮಾನದ ಚೆಕ್ ಸಿನಿಮಾ ಹೇಗೆ ಎರಡಾಯಿತು ಎಂಬುದು ಬೇರೆ ವ್ಯಾಖ್ಯಾನವಿಲ್ಲದೆ ತಿಳಿಯುತ್ತದೆ.

ಕೆಲಸ ಶುರು ಮಾಡಿದವರು ಇಲ್ಲದಿಲ್ಲ. ಮಾರ್ಟಿನಾ ಕುಡ್ಲಾಚೆಕ್ 1996ರಲ್ಲಿ ಹ್ಯಾಮಿಡ್ ಕುರಿತು ಒಂದು ಸಾಕ್ಷ್ಯಚಿತ್ರ ಮಾಡಿದರು, ಅವರ ಮೊದಲ ಚಿತ್ರದ ಹೆಸರನ್ನೇ ಅದಕ್ಕೂ ಇಟ್ಟರು. ಆಮೇಲೆ ಮಾಯಾ ಡೆರೆನ್ ಕುರಿತೂ ಒಂದು ಚಿತ್ರ ಮಾಡಿದರು, ಅದರಲ್ಲೂ ಹ್ಯಾಮಿಡ್ ಮಾತಾಡುತ್ತಾರೆ. ಇಬ್ಬರಿಗೂ ಒಂದೊಂದು ಚಿತ್ರ ಕೊಟ್ಟ ಕುಡ್ಲಾಚೆಕ್ ಅವರ ಆ ನ್ಯಾಯಬುದ್ಧಿ ನನಗೆ ದೊಡ್ಡದಾಗಿ ಕಾಣುತ್ತದೆ. ಹ್ಯಾಮಿಡ್ 2004ರ ಜುಲೈನಲ್ಲಿ ನ್ಯೂಯಾರ್ಕಿನಲ್ಲಿ ತೀರಿಕೊಂಡರು.

ನಿಮ್ಮಲ್ಲಿ ನನ್ನ ಕೋರಿಕೆ ಇಷ್ಟು. ಮುಂದಿನ ಸಲ ನಿಮ್ಮ ಫಿಲ್ಮ್ ಸೊಸೈಟಿಯಲ್ಲಾಗಲಿ ತರಗತಿಯಲ್ಲಾಗಲಿ 'ಮೆಶಸ್ ಆಫ್ ದಿ ಆಫ್ಟರ್‌ನೂನ್' ಹಾಕುವಾಗ ಅದಕ್ಕೆ ಮೊದಲು 'ಗುರಿಯಿಲ್ಲದ ನಡಿಗೆ' ಹಾಕಿ. ಎರಡೂ ಸೇರಿ ಅರ್ಧ ಗಂಟೆಯೂ ಆಗುವುದಿಲ್ಲ. ಪುಸ್ತಿಕೆಯಲ್ಲಿ ಇಬ್ಬರ ಹೆಸರನ್ನೂ ಒಂದೇ ಅಳತೆಯ ಅಕ್ಷರದಲ್ಲಿ ಅಚ್ಚು ಹಾಕಿಸಿ. ಹ್ಯಾಮಿಡ್ ಎಂಬ ಹೆಸರಿನ ಪಕ್ಕ ಹಾಕೆನ್‌ಷ್ಮೀಡ್ ಎಂದೂ ಬರೆಯಿರಿ, ಪ್ರಾಗಿನ ದಿನಗಳನ್ನು ಹುಡುಕುವ ವಿದ್ಯಾರ್ಥಿಗೆ ದಾರಿ ಸಿಗಲಿ. ಜ್ಲೀನಿನ ಟೈರಿನ ಜಾಹೀರಾತು ಎಲ್ಲಿಯಾದರೂ ಸಿಕ್ಕರೆ ಅದನ್ನೂ ಸೇರಿಸಿಕೊಳ್ಳಿ, ಕೆಲವೇ ನಿಮಿಷದ್ದು.

ಇಂತಿ,
ನಿಮ್ಮ ಪುಸ್ತಕಗಳನ್ನು ಓದಿಯೇ ಸಿನಿಮಾ ನೋಡಲು ಕಲಿತ ಒಬ್ಬ ಪ್ರೇಕ್ಷಕ